ನೆವ್ಜಾತ್ ಬೇ ಅವರ ಕಂಠ

ಯಾವ ಪ್ರಶ್ನೆ ಕೇಳಿದರೂ ನೆವ್ಜಾತ್ ಬೇ ಒಂದು ಉಸಿರಿನಷ್ಟು ಹೊತ್ತು ಸುಮ್ಮನಿರುತ್ತಿದ್ದರು. ಬೆನ್ನ ಹಿಂದೆ ನಿಂತ ಯಾರೋ ಉತ್ತರ ಹೇಳಿಕೊಡಲೆಂದು ಕಾಯುವವರಂತೆ ತಲೆಯನ್ನು ತುಸು ಎಡಕ್ಕೆ ವಾಲಿಸಿ, ಆಮೇಲಷ್ಟೇ ಬಾಯಿ ತೆರೆಯುತ್ತಿದ್ದರು. ಊಟವಾಯಿತೇ ಎಂದು ಕೇಳಿದರೂ ಇದೇ ಕಥೆ. ಸುಳ್ಳು ಹೆಣೆಯುವವನಿಗೆ ಬೇಕಾದ ಬಿಡುವು ಅದು ಎಂದು ನಾನು ಮೊದಲ ದಿನವೇ ತೀರ್ಮಾನಿಸಿಬಿಟ್ಟೆ. ಅನುಮಾನ ನನ್ನ ಹುಟ್ಟುಗುಣ. ಹಾಲಿನ ಡಬ್ಬದ ಮೇಲಿನ ತಾರೀಖನ್ನೂ ಎರಡು ಸಲ ಓದುವವನು ನಾನು.

ತೊಂಬತ್ತಾರನೇ ಇಸವಿಯ ಮಾತು. ಅಮೆರಿಕದಲ್ಲಿ ನಾವಿದ್ದ ಏಪೆಕ್ಸ್ ಎಂಬ ಊರಿನ ಹೊಲಿಗೆ ಅಂಗಡಿಯೊಂದರಲ್ಲಿ ಪ್ಯಾಂಟಿನ ಅಂಚು ಮಡಿಚುತ್ತ ಕೂತಿದ್ದ ಈ ಎಪ್ಪತ್ತರ ತುರ್ಕಿ ದೇಶದವರನ್ನು ನಮ್ಮ ಕನ್ನಡ ಸಂಘಕ್ಕೆ ಕರೆತಂದವಳು ಸದಸ್ಯೆ ಶೈಲಜಾ. ‘ಬೇ’ ಎಂದರೆ ಅವರ ಭಾಷೆಯಲ್ಲಿ ‘ರಾಯರು’ ಎಂದಂತೆ. ರವಿಕೆ ಬಿಗಿ ಮಾಡಿಸಲು ಹೋದವಳು ನಿರ್ದೇಶಕನನ್ನೇ ಹಿಡಿದುಕೊಂಡು ಬಂದಳು.

“ಅಂಕಲ್ ಇಸ್ತಾಂಬುಲ್‌ನಲ್ಲಿ ನೂರಾ ಮೂವತ್ತು ಫಿಲ್ಮಲ್ಲಿ ಆಕ್ಟ್ ಮಾಡಿದಾರಂತೆ, ಒಂಬತ್ತು ಡೈರೆಕ್ಟ್ ಮಾಡಿದಾರಂತೆ. ರಾಜ್ಯೋತ್ಸವದ ಡ್ರಾಮಾ ಅವರೇ ಮಾಡಿಸ್ಲಿ ಬಿಡಿ ಸಾರ್.”

ಕಳ್ಳ, ಪೊಲೀಸು, ಪಾಶಾ, ಕುರುಡ, ಮದುಮಗಳ ತಂದೆ, ಒಮ್ಮೆ ಬರಿಯ ಹೆಣ: ಅವರು ಮಾಡದ ಪಾತ್ರವೇ ಇರಲಿಲ್ಲವಂತೆ. ಈ ‘ಅಂತೆ’ಗಳ ಸಂತೆಗೆ ಸಾಕ್ಷಿ ಎಲ್ಲಿದೆ? ಅವರು ಬೇಡಿದ್ದು ಒಂದೇ. ಆಮಂತ್ರಣ ಪತ್ರಿಕೆಯಲ್ಲಿ ನಿರ್ದೇಶಕನೆಂದು ತಮ್ಮ ಹೆಸರು. “ಹದಿನೆಂಟು ವರ್ಷದಿಂದ ನನ್ನ ಹೆಸರು ಎಲ್ಲಿಯೂ ಅಚ್ಚಾಗಿಲ್ಲ” ಎಂದರು, ಮುರುಕು ಇಂಗ್ಲಿಷಿನಲ್ಲಿ, ಅದೇ ಬಿಡುವಿನ ಬಳಿಕ.

ತಾಲೀಮು ಶೈಲಜಾಳ ಗ್ಯಾರೇಜಿನಲ್ಲಿ. ಕೆರೊಲಿನಾದ ಸೆಪ್ಟೆಂಬರ್ ಸೆಕೆಯಲ್ಲೂ ಒಂಟೆಬಣ್ಣದ ಉದ್ದ ಕೋಟು ತೊಟ್ಟು, ನೆಲದ ಮೇಲೆ ಸೀಮೆಸುಣ್ಣದಿಂದ ತಾವೇ ಎಳೆದ ಗುರುತುಗಳನ್ನು ನೋಡಿಕೊಂಡು, ಎಣಿಸಿದಂತೆ ಹೆಜ್ಜೆಯಿಟ್ಟು ಅವರು ಓಡಾಡುತ್ತಿದ್ದರು. ಕನ್ನಡದ ಒಂದಕ್ಷರ ಬಾರದು, ಆದರೂ ತಪ್ಪು ಹಿಡಿಯುತ್ತಿದ್ದರು. ರಾಜನ ಪಾತ್ರದ ಡಾಕ್ಟರ್ ಗುರುಸಿದ್ದಪ್ಪ, ಹುಬ್ಬಳ್ಳಿಯವರು, ಬೆರಗಾಗಿ ಹೇಳಿದರು: “ನಾ ಮಾತು ಮರತಿದ್ದು ಈ ಮನಷ್ಯಾಗ ಹೆಂಗ ಗೊತ್ತಾಗ್ತದ್ರೀ? ಬರೇ ಕೈ ನೋಡಿ ಹೇಳ್ತಾನ.” ಇದು ನನ್ನ ಅನುಮಾನವನ್ನು ಇನ್ನಷ್ಟು ಬಲಪಡಿಸಿತು. ಬುರುಡೆ ಜ್ಯೋತಿಷಿಗಳೂ ಕೈಯನ್ನೇ ನೋಡುತ್ತಾರಲ್ಲ.

ಸಂಘದ ಕಾರ್ಯದರ್ಶಿ ನಾನು, ಸುಮ್ಮನಿರುತ್ತೇನೆಯೇ? ಪಕ್ಕದ ರಾಲಿ ನಗರದ ತುರ್ಕಿ ಕಿರಾಣಿ ಅಂಗಡಿಯಲ್ಲಿ ಹುಡುಕಿ, ಅವರು ನಟಿಸಿದ್ದೆನ್ನುವ ಚಿತ್ರವೊಂದರ ಕ್ಯಾಸೆಟ್ ತಂದು ನೋಡಿದೆ. ದಪ್ಪ ಮೀಸೆಯ ತರುಣನ ಮುಖದಲ್ಲಿ ಇವರ ಹೋಲಿಕೆಯೇನೋ ಇತ್ತು. ಆದರೆ ಕಂಠ! ಅದು ಬಾವಿಯೊಳಗಿಂದ ಬಂದಂಥ ಗಂಭೀರ ನಾದ. ಇವರದೋ ಮೂಗಿನಲ್ಲಿ ಹಾಯುವ ಕೀಚಲು ದನಿ. ಡಬ್ಬಿಂಗ್ ಎಂದರೆ ಕೆರಳುವ ಸಿನಿಮಾನಾಡಿನಲ್ಲಿ ಬೆಳೆದವನು ನಾನು. ತೆರೆಯ ಮೇಲಿನ ಮಾತು ನಟನದಲ್ಲವೆಂದರೆ ಆ ಮನುಷ್ಯನೇ ಬೇರೆ. ಯಾರನ್ನೂ ಕೇಳದೆ ಅವರ ಹೆಸರು ಕಿತ್ತುಹಾಕಿ, ‘ನಿರ್ದೇಶನ: ಸಂಘದ ಸದಸ್ಯರು’ ಎಂದು ಇನ್ನೂರು ಆಮಂತ್ರಣ ಪತ್ರಿಕೆ ಅಚ್ಚು ಹಾಕಿಸಿದೆ.

ಮರುದಿನ ತಾಲೀಮಿಗೆ ಬಂದವರೆಲ್ಲರನ್ನೂ ಶೈಲಜಾಳ ನಡುಮನೆಯಲ್ಲಿ ಕೂರಿಸಿ ಕ್ಯಾಸೆಟ್ ಹಾಕಿದೆ. “ಈ ದನಿ ನಿಮ್ಮದೇ?” ಎಂದು ನೆವ್ಜಾತ್ ಬೇ ಅವರನ್ನು ಕೇಳಿದೆ.

ಆ ಬಿಡುವು. ತಲೆ ಎಡಕ್ಕೆ ವಾಲಿತು. “ಅಲ್ಲ” ಎಂದರು.

ನಾನು ಗೆದ್ದವನಂತೆ ಸುತ್ತ ನೋಡಿದೆ. ಅವರು ಎದ್ದು ಟಿ.ವಿ.ಯ ಸದ್ದನ್ನು ಪೂರ್ತಿ ಇಳಿಸಿದರು. ತೆರೆಯ ಮೇಲೆ ಮೀಸೆಯ ತರುಣ ಜೈಲಿನ ಕಂಬಿ ಹಿಡಿದು ತಾಯಿಗೆ ಏನೋ ಹೇಳುತ್ತಿದ್ದ. ಇಲ್ಲಿ ಕೋಟು ತೊಟ್ಟ ಮುದುಕ ಅದೇ ಕೀಚಲು ದನಿಯಲ್ಲಿ ಆ ಮಾತುಗಳನ್ನು ನುಡಿಯುತ್ತ ಹೋದರು. ತೆರೆಯ ಮೇಲಿನ ತುಟಿಗಳ ಒಂದು ಚಲನೆಯೂ ತಪ್ಪಲಿಲ್ಲ. ಭಾಷೆ ಯಾರಿಗೂ ತಿಳಿಯಲಿಲ್ಲ, ಶೈಲಜಾ ಮಾತ್ರ ಸೆರಗಿನಿಂದ ಕಣ್ಣೊರೆಸಿಕೊಂಡಳು.

“ಶೂಟಿಂಗಿನಲ್ಲಿ ದನಿ ಹಿಡಿಯುತ್ತಿರಲಿಲ್ಲ. ಕ್ಯಾಮೆರಾದ ಪಕ್ಕ ನಿಂತವನೊಬ್ಬ ಪ್ರತಿ ಮಾತನ್ನೂ ಓದಿ ಹೇಳುತ್ತಿದ್ದ. ಕೇಳಿಸಿಕೊಂಡು ನಾವು ಆಡುತ್ತಿದ್ದೆವು. ಆಮೇಲೆ ಬೇರೊಬ್ಬ ಕಂಠ ಕೊಡುತ್ತಿದ್ದ” ಎಂದರು. ಆ ಹೊತ್ತಿಗೆ ಮೇಜಿನ ಮೇಲಿದ್ದ ಪತ್ರಿಕೆ ಅವರ ಕೈ ಸೇರಿತ್ತು. ಕನ್ನಡದ ಸಾಲುಗಳ ಕೆಳಗಿನ ಇಂಗ್ಲಿಷ್ ಸಾಲುಗಳ ಮೇಲೆ ಬೆರಳಾಡಿಸಿ ತಮ್ಮ ಹೆಸರನ್ನು ಹುಡುಕಿದರು. ಸಿಗಲಿಲ್ಲ. “ಇರಲಿ. ದನಿಯಿಲ್ಲದೆ ನೂರಾ ಮೂವತ್ತು ಮಾಡಿದೆ, ಹೆಸರಿಲ್ಲದೆ ಒಂದು ಆಗಲಿ. ಗುರು ಬೇ, ಎರಡನೇ ಅಂಕ” ಎಂದು ಡಾಕ್ಟರನ್ನು ಕರೆದು ಗ್ಯಾರೇಜಿಗೆ ನಡೆದರು.

ನನಗೆ ತಲೆಯೆತ್ತಲಾಗಲಿಲ್ಲ, ನಾಚಿಕೆಯಾಯಿತು. ಇನ್ನೂರು ಪತ್ರಿಕೆಗಳ ಮೇಲೂ ನನ್ನ ಕೈಯಾರೆ ಅವರ ಹೆಸರು ಬರೆದೆ. ಆದರೆ ಅವರು ಬೇಡಿದ್ದು ಅಚ್ಚಿನ ಹೆಸರು. ಅದನ್ನು ನಾನು ಕೊಡಲಿಲ್ಲ.

ಹೇಳಿಕೊಡುವವನು ಎಂದೋ ಎದ್ದುಹೋದ ಮೇಲೂ ನಟರೆಂಬ ಈ ಮಂದಿ ತಲೆ ವಾಲಿಸಿ ಮುಂದಿನ ಮಾತಿಗಾಗಿ ಕಾಯುತ್ತಲೇ ಇರುತ್ತಾರೆ. ಆ ಒಂದು ಉಸಿರಿನಷ್ಟು ಹೊತ್ತು ಸುಮ್ಮನೆ ಕಾಯಲಾರದೆ ನಮ್ಮಂಥವರು ಅವರನ್ನು ಸುಳ್ಳರೆಂದು ಬರೆದುಬಿಡುತ್ತೇವೆ.