ಎಗ್ಲಾಂತಿನ್ ಎಂಬ ಹುಡುಗಿ ಇಲ್ಲಿಲ್ಲ

ನಮ್ಮ ಮೊರ್ವಾ ಗುಡ್ಡಗಾಡಿನ ಹೆಂಗಸರ ಬಳಿ ಮಾರಲು ಇದ್ದದ್ದು ಎದೆಹಾಲು ಒಂದೇ. ಗಂಡಸರು ಕಾಡಿನಲ್ಲಿ ಮರ ಕಡಿದು ಹೊಳೆಗೆ ತಳ್ಳುತ್ತಿದ್ದರು. ಹೆಂಗಸರು ಹೆತ್ತ ಕೆಲವೇ ವಾರಕ್ಕೆ ಪ್ಯಾರಿಸ್ಸಿಗೆ ಹೋಗಿ ಸಾಹುಕಾರರ ಮಕ್ಕಳಿಗೆ ಹಾಲೂಡುತ್ತಿದ್ದರು. ಹೋಗಲಾಗದವರು ಪ್ಯಾರಿಸ್ಸಿನ ಅನಾಥಾಲಯ ಕಳಿಸಿದ ಕೂಸುಗಳನ್ನು ಮನೆಯಲ್ಲೇ ಸಾಕುತ್ತಿದ್ದರು. ಇದರಲ್ಲಿ ನಾಚಿಕೆಪಡುವಂಥದ್ದೇನೂ ಇಲ್ಲ ಎಂದು ನಮ್ಮ ಪಾದ್ರಿಗಳು ಹೇಳುತ್ತಿದ್ದರು. ಅವರಿಗೇನು, ಹೆತ್ತವರೇ, ಹೊತ್ತವರೇ?

ನನ್ನ ಅವ್ವ ಲಾಝರೆಟ್ ಎರಡೂ ಮಾಡಿದವಳು. ನನ್ನ ತಮ್ಮ ಹುಟ್ಟಿ ಎರಡು ತಿಂಗಳಾಗುವಷ್ಟರಲ್ಲಿ ಅವನನ್ನು ಅಜ್ಜಿಯ ಕೈಗೆ ಕೊಟ್ಟು ಪ್ಯಾರಿಸ್ಸಿಗೆ ಹೋದಳು. ಅಲ್ಲಿ ಒಬ್ಬ ವಕೀಲನ ಮಗ ಅವಳ ಹಾಲು ಕುಡಿದು ಗುಂಡಗಾದ. ಇಲ್ಲಿ ನನ್ನ ತಮ್ಮ ಹಸುವಿನ ಹಾಲು ಅರಗದೆ ಸತ್ತ. ಸುದ್ದಿ ಮುಟ್ಟಿ ಅವಳು ಬರುವ ಹೊತ್ತಿಗೆ ಮಣ್ಣು ಮಾಡಿಯೂ ಆಗಿತ್ತು. ಎದೆಯಲ್ಲಿ ಮಾತ್ರ ಹಾಲು ಇನ್ನೂ ಇತ್ತು. ಅದೇ ತಿಂಗಳು ಅನಾಥಾಲಯದ ಗಾಡಿಯಲ್ಲಿ ಬಂದ ಹದಿನೈದು ದಿನದ ಹೆಣ್ಣುಕೂಸೊಂದನ್ನು ಎತ್ತಿಕೊಂಡಳು. ಎಲ್ಲ ಪ್ಯಾರಿಸ್ ಮಕ್ಕಳಿಗೂ ಇರುವಂತೆ ಅದರ ಕೊರಳಲ್ಲೂ ಬಿಚ್ಚಲಾಗದ ಒಂದು ಸರ, ಸರದಲ್ಲಿ ನಂಬರಿನ ಬಿಲ್ಲೆ. ಆರು ವರ್ಷ ತುಂಬಿದ ಮೇಲೆ ಅನಾಥಾಲಯದ ಏಜೆಂಟನೇ ಬಂದು ಅದನ್ನು ಕತ್ತರಿಸಬೇಕು. ಕೂಸಿನ ಜೊತೆ ಬಂದ ಪುಸ್ತಕದಲ್ಲಿ ಹೆಸರು ಬರೆದಿತ್ತು, ಎಗ್ಲಾಂತಿನ್ ಎಂದು.

ಎಗ್ಲಾಂತಿನ್ ಎಂದರೆ ಬೇಲಿಯ ಕಾಡುಗುಲಾಬಿ. ಜೂನ್ ತಿಂಗಳಲ್ಲಿ ನಮ್ಮ ಬೇಲಿಗಳ ತುಂಬ ಅದೇ. ಐದೇ ಎಸಳು, ತೆಳು ಬಣ್ಣ, ಕಿತ್ತು ಮನೆಗೆ ತರುವಷ್ಟರಲ್ಲಿ ಅರ್ಧ ಉದುರಿರುತ್ತದೆ. ಪ್ಯಾರಿಸ್ಸಿನವರಿಗೆ ಅದು ಹೂವು. ನಮಗೆ ಹೆಚ್ಚು ಗೊತ್ತಿದ್ದದ್ದು ಅದರ ಕೆಂಪು ಹಣ್ಣು. ಒಳಗಿನ ನವಿರು ತಾಗಿದರೆ ಮೈಯೆಲ್ಲ ತುರಿಕೆ, ಹುಡುಗರು ಅದನ್ನು ಒಡೆದು ಹುಡುಗಿಯರ ಅಂಗಿಯೊಳಗೆ ಹಾಕಿ ಓಡುತ್ತಿದ್ದರು. ನಮ್ಮ ಕಡೆ ಆ ಹಣ್ಣನ್ನು ಕುಂಡೆಕೆರೆತ ಎನ್ನುತ್ತಾರೆ.

"ಹೂವಿನ ಹೆಸರು ಹೂವಿರೋ ತಂಕ ಚಂದ ಕಣೇ ಲಾಝರೆಟ್" ಎಂದಳು ಪಕ್ಕದ ಮನೆಯ ಲೆಯೊನಾರ್ದಜ್ಜಿ. "ಸ್ಕೂಲಿಗೆ ಹೋದ ದಿವ್ಸವೇ ಹುಡುಗ್ರು ಇವಳ್ನ ಕುಂಡೆಕೆರೆತ ಅಂತ ಕರೀತಾರೆ, ನೋಡ್ತಿರು."

"ಹಂಗಾದ್ರೆ ಮರೀ ಅಂತ ಕರೀತೀನಿ ಬುಡು. ಊರ್ ತುಂಬ ಇರೋ ಆ ಹೆಸರಿಗೆ ಯಾರೂ ತಿರುಗಿ ನೋಡಾಕಿಲ್ಲ" ಎಂದಳು ಅವ್ವ.

ಹೀಗೆ ಅವಳು ಮರೀ ಆದಳು. ಪುಸ್ತಕ ಪೆಟ್ಟಿಗೆಯ ತಳ ಸೇರಿತು. ಆರು ತಿಂಗಳಿಗೊಮ್ಮೆ ಅನಾಥಾಲಯದ ಡಾಕ್ಟರು ಬಂದಾಗ ಮಾತ್ರ ಹೊರಗೆ ಬರುತ್ತಿತ್ತು.

ಅವ್ವ ಅವಳನ್ನು ಹೇಗೆ ಪ್ರೀತಿಸಿದಳು ಎಂದು ಹೇಳಲು ನನಗೆ ಈಗಲೂ ಕಷ್ಟ. ಪ್ಯಾರಿಸ್ಸಿನಲ್ಲಿ ಪರರ ಮಗನಿಗೆ ಕೊಟ್ಟದ್ದು, ತಮ್ಮನಿಗೆ ಕೊಡಲಾಗದೆ ಹೋದದ್ದು, ಎಲ್ಲ ಸೇರಿಸಿ ಆ ಕೂಸಿಗೆ ಸುರಿದಳು. ಹೆತ್ತ ಮಗಳಾದ ನನ್ನನ್ನು ಸಾಕಿದ್ದು ಅಜ್ಜಿ. ಅವ್ವ ನನಗೆ ಹೊಡೆಯುತ್ತಿರಲಿಲ್ಲ, ಬಯ್ಯುತ್ತಿರಲಿಲ್ಲ, ಊಟಕ್ಕೆ ಕರೆಯಲು ಮರೆಯುತ್ತಿರಲಿಲ್ಲ. ಅಷ್ಟೇ. ಮರೀಗೆ ಕೆಮ್ಮು ಬಂದರೆ ಅವಳು ಕೂತಲ್ಲೇ ಬೆಳಕು ಹರಿಸುತ್ತಿದ್ದಳು. ನನಗೆ ಹೊಟ್ಟೆಕಿಚ್ಚು ಇರಲಿಲ್ಲ ಎಂದರೆ ಸುಳ್ಳು ಹೇಳಿದ ಹಾಗಾಗುತ್ತದೆ.

ಅವ್ವನಿಗೆ ಒಂದೇ ಹೆದರಿಕೆ: ಹೆತ್ತವಳು ಎಂದಾದರೂ ಬಂದಾಳು. ಮರೀಗೆ ಮಾತು ಬಂದ ಮೇಲೆ ನನಗೆ ಒಂದು ಕೆಲಸ ವಹಿಸಿದಳು. "ಯಾರು ಹೆಸರು ಕೇಳಿದ್ರೂ ಮರೀ ಅನ್ನೋದು ಕಲಿಸು ಫಿಲಿಬೆರ್ತ್. ಆ ಇನ್ನೊಂದು ಹೆಸರು ಹೇಳಿ ಕೆಣಕಿ ನೋಡು. ಒಪ್ಪಬಾರದು ಅವಳು." ನಾನು ಕಲಿಸಿದೆ. "ನೀನು ಎಗ್ಲಾಂತಿನ್ ಅಲ್ವಾ?" ಎಂದು ಕೇಳುವುದು, ಅವಳು "ಅಲ್ಲ, ನಾನು ಮರೀ" ಎನ್ನುವುದು. ಸರಿಯಾಗಿ ಹೇಳಿದರೆ ಒಂದು ಬೇಯಿಸಿದ ಚೆಸ್ಟ್‌ನಟ್. ನಾನು ಒಳ್ಳೆಯ ಮೇಷ್ಟ್ರು, ಅವಳು ಒಳ್ಳೆಯ ಶಿಷ್ಯೆ.

ಅವಳಿಗೆ ಆರು ತುಂಬಲು ಮೂರು ತಿಂಗಳಿರುವಾಗ, ಜೂನ್‌ನಲ್ಲಿ, ಬಟ್ಟೆ ಒಗೆಯುವ ಕೊಳದ ಹತ್ತಿರ ಒಬ್ಬ ಹೆಂಗಸು ಬಂದು ಬೆನ್ನಿನ ಪೆಟ್ಟಿಗೆ ಇಳಿಸಿದಳು. ಸೂಜಿ, ದಾರ, ರಿಬ್ಬನ್. ವಯಸ್ಸು ಇಪ್ಪತ್ತೇಳೋ ಇಪ್ಪತ್ತೆಂಟೋ. ಕಾಲಿಗೆ ಪಟ್ಟಣದ ಶೂ, ಅದರ ಹೊಲಿಗೆ ಬಿಟ್ಟಿತ್ತು. ಅವ್ವ, ಲೆಯೊನಾರ್ದಜ್ಜಿ, ಇನ್ನೂ ಐದಾರು ಜನ ಮಂಡಿಯೂರಿ ಬಟ್ಟೆ ಬಡಿಯುತ್ತಿದ್ದರು. ನಾನು ಅವ್ವನ ಪಕ್ಕದಲ್ಲಿ ಹಿಂಡುತ್ತಿದ್ದೆ.

"ರಿಬ್ಬನ್ ಬೇಕಾ ಅಕ್ಕಂದಿರಾ?"

"ರಿಬ್ಬನ್ ಕಟ್ಟಾಕೆ ನನ್ನ ತಲೇಲಿ ಕೂದ್ಲೆಲ್ಲಿದೆ ತಾಯಿ" ಎಂದಳು ಲೆಯೊನಾರ್ದಜ್ಜಿ. "ಬಾಲಕ್ಕೆ ಕಟ್ಟನ ಅಂದ್ರೆ ಕತ್ತೇನೂ ಸತ್ತೋಯ್ತು."

ಎಲ್ಲರೂ ನಕ್ಕರು. ಅವಳೂ ನಕ್ಕಳು. ಆಮೇಲೆ ದಾರದ ಉಂಡೆಯನ್ನು ಸುಮ್ಮನೆ ಕೈಯಲ್ಲಿ ತಿರುಗಿಸುತ್ತಾ ಕೇಳಿದಳು, "ಈ ಊರಲ್ಲಿ ಎಗ್ಲಾಂತಿನ್ ಅನ್ನೋ ಹುಡುಗಿ ಇದಾಳಾ? ಪ್ಯಾರಿಸ್ಸಿನ ಮಗು. ಸೆಪ್ಟೆಂಬರ್‌ಗೆ ಆರು ತುಂಬುತ್ತೆ."

ಊರಿಗೆಲ್ಲ ಗೊತ್ತಿತ್ತು. ಯಾರೂ ಬಾಯಿ ಬಿಡಲಿಲ್ಲ. ಬಡಿಯುತ್ತಿದ್ದ ಕೊಡತಿಗಳೆಲ್ಲ ನಿಂತವು, ಒಂದು ಉಸಿರಿನಷ್ಟು ಹೊತ್ತು, ಮತ್ತೆ ಎಲ್ಲ ಒಟ್ಟಿಗೇ ಶುರುವಾದವು. ಅವ್ವ ತಲೆ ಎತ್ತದೆ ಹೇಳಿದಳು, "ಎಗ್ಲಾಂತಿನ್ ಅನ್ನೋ ಹುಡುಗಿ ಇಲ್ಲಿಲ್ಲ. ಇಂಥ ಹೆಸರು ನಾವು ಕೇಳೇ ಇಲ್ಲ."

"ಕೇಳಿರಲ್ಲ ಅಂತಲೇ ಇಟ್ಟಿದ್ದು" ಎಂದಳು ಹೆಂಗಸು. ಯಾರೂ ಕೇಳದಿದ್ದರೂ ಹೇಳುತ್ತಾ ಹೋದಳು. ಅವಳು ಪ್ಯಾರಿಸ್ಸಿನಲ್ಲಿ ಮನೆಗೆಲಸದವಳು. ಕೂಸು ಬೇಕೋ ಕೆಲಸ ಬೇಕೋ ಎಂದಳು ಯಜಮಾನಿ. ಅನಾಥಾಲಯದ ಬಾಗಿಲಲ್ಲಿ ಹೆಸರು ಬರೆಸುವಾಗ ಮುಂದಿದ್ದ ಮೂವರೂ ಮರೀ, ಮರೀ, ಮರೀ ಎಂದೇ ಬರೆಸಿದರು. "ನಾನಂದ್ಕೊಂಡೆ, ಮರೀ ಅಂದ್ರೆ ಹೊಳೇಲಿ ಉಪ್ಪು ಹಾಕಿದ ಹಾಗೆ, ಆಮೇಲೆ ಹುಡುಕೋದೆಲ್ಲಿ? ಹತ್ತೂರಲ್ಲಿ ಒಬ್ಳಿಗೂ ಇರದ ಹೆಸರು ಬೇಕು. ನಮ್ಮಮ್ಮನ ಮನೆ ಬೇಲಿ ಮೇಲೆ ಈ ಹೂವು ಬಿಡ್ತಿತ್ತು. ಮುಳ್ಳಿರತ್ತೆ, ಯಾರೂ ನೀರು ಹಾಕಲ್ಲ, ಆದ್ರೂ ಪ್ರತಿ ವರ್ಷ ಬರತ್ತೆ. ಅದಕ್ಕೇ ಇಟ್ಟೆ." ಮೂರು ತಿಂಗಳಿಗೊಮ್ಮೆ ಅನಾಥಾಲಯದ ಕಿಟಕಿಗೆ ಹೋಗಿ ಕೇಳಬಹುದಂತೆ. ಗುಮಾಸ್ತ ಒಂದೇ ಮಾತು ಹೇಳುತ್ತಾನಂತೆ, 'ಇದ್ದಾಳೆ' ಅಥವಾ 'ಇಲ್ಲ'. ಎಲ್ಲಿ, ಹೇಗೆ, ಯಾರ ಮನೆ, ಏನೂ ಹೇಳುವಂತಿಲ್ಲ. ಇಪ್ಪತ್ತೆರಡು ಸಲ 'ಇದ್ದಾಳೆ' ಕೇಳಿದ ಮೇಲೆ ಕೆಲಸ ಬಿಟ್ಟು ಪೆಟ್ಟಿಗೆ ಹೊತ್ತು ಊರೂರು ಹುಡುಕುತ್ತಾ ಹೊರಟಿದ್ದಳು.

ಆಗಲೇ ಮರೀ ಕೈಯಲ್ಲೊಂದು ರೊಟ್ಟಿ ಚೂರು ಹಿಡಿದು, ಮರದ ಬೂಟು ಟಕಟಕ ಮಾಡುತ್ತಾ ಬಂದಳು. ಹೆಂಗಸು ಅವಳ ಕೊರಳಿನ ಸರ ನೋಡಿದಳು. ಮುಖ ನೋಡಿದಳು.

"ನಿನ್ನ ಹೆಸರೇನು ಪುಟ್ಟಿ?"

"ಮರೀ."

"ಎಗ್ಲಾಂತಿನ್ ಅಲ್ವಾ?"

"ಅಲ್ಲ, ನಾನು ಮರೀ" ಎಂದು ಹೇಳಿ, ಚೆಸ್ಟ್‌ನಟ್ಟಿಗಾಗಿ ನನ್ನ ಕಡೆ ನೋಡಿದಳು.

ಹೆಂಗಸು ನೀಲಿ ರಿಬ್ಬನ್ ಒಂದನ್ನು ಕತ್ತರಿಸಿ ಅವಳ ಜಡೆಗೆ ಕಟ್ಟಿದಳು. ಗಂಟು ಹಾಕಲು ತುಂಬ ಹೊತ್ತು ಬೇಕಾಯಿತು. ಮತ್ತೇನೂ ಕೇಳಲಿಲ್ಲ, ಪೆಟ್ಟಿಗೆ ಹೊತ್ತು ಹೋದಳು.

ಹೋದಳು ಎಂದುಕೊಂಡರೆ, ಊರು ಬಿಡಲಿಲ್ಲ. ಹೆಂಡದಂಗಡಿಯ ಮಹಡಿಯಲ್ಲಿ ಉಳಿದುಕೊಂಡಳು. ಮರುದಿನ ಇಡೀ ಇಗರ್ಜಿಯ ಗೋಡೆಯ ಬಳಿ ಕೂತಿದ್ದಳು, ಅದರ ಮಾರನೆಯ ದಿನವೂ. ಅಲ್ಲಿಂದ ನಮ್ಮ ಅಂಗಳ ಕಾಣುತ್ತದೆ. ಅವ್ವ ಮರೀಯನ್ನು ಒಳಗೆ ಕೂಡಿಹಾಕಿ ಅಗುಳಿ ಹಾಕಿದಳು. ಮರೀ ಕಿಟಕಿಗೆ ಮೂಗು ಒತ್ತಿ ನಿಂತಿರುತ್ತಿದ್ದಳು. ಅವ್ವನಿಗೆ ಊಟ ಸೇರಲಿಲ್ಲ.

"ಏಜೆಂಟರ ಹತ್ರ ಹೋಗ್ತೀನಿ. ಹೆತ್ತೋಳು ಬಂದಿದಾಳೆ ಅಂತ ಹೇಳ್ತೀನಿ. ಪೊಲೀಸ್ರು ಬಂದು ಎಳ್ಕಂಡು ಹೋಗ್ಲಿ ಇವಳ್ನ."

"ಇನ್ನೊಂದು ದಿನ ನೋಡೇ" ಎಂದಳು ಲೆಯೊನಾರ್ದಜ್ಜಿ. "ಸರ್ಕಾರದೋರ ಬಾಗಿಲು ತಟ್ಟೋದು ಸುಲಭ, ಆಮೇಲೆ ಅವರು ನಮ್ಮ ಬಾಗಿಲು ತಟ್ತಾರೆ."

ಅವ್ವ ಕೇಳಲಿಲ್ಲ. ಮೂರನೆಯ ದಿನ ಬೆಳಗಾಗುತ್ತಲೇ ಹೊರಟಳು. ಏಜೆಂಟನ ಊರಿಗೆ ಮೂರು ಗಂಟೆ ನಡಿಗೆ. ಸಂಜೆ ಬರುವಾಗ ಮುಖ ಅರಳಿತ್ತು. ಏಜೆಂಟ್ ಕುರ್ಚಿ ಕೊಟ್ಟು ಕೂರಿಸಿದನಂತೆ, ಎಲ್ಲ ಬರೆದುಕೊಂಡನಂತೆ, ಹೇಳಿದ್ದು ಒಳ್ಳೆಯದಾಯಿತು ಎಂದನಂತೆ. ಹೆಂಗಸು ಬೆಳಿಗ್ಗೆಯೇ ಊರು ಬಿಟ್ಟಳೆಂದು ಲೆಯೊನಾರ್ದಜ್ಜಿ ಹೇಳಿದಾಗ ಅವ್ವ ನಕ್ಕುಬಿಟ್ಟಳು. ಆ ರಾತ್ರಿ ಹುರುಳಿಹಿಟ್ಟಿನಂಥ ಕಪ್ಪು ಹಿಟ್ಟಿನ ದೋಸೆಗೆ ಹಂದಿಕೊಬ್ಬು ಧಾರಾಳವಾಗಿ ಹಾಕಿದಳು.

ಆರನೆಯ ದಿನ ಗಾಡಿ ಬಂತು. ಏಜೆಂಟ್ ಇಳಿದು ಮರೀಯ ಬಟ್ಟೆ ಗಂಟು ಕಟ್ಟಲು ಹೇಳಿದ.

ಅವ್ವನಿಗೆ ಮೊದಲು ಅರ್ಥವೇ ಆಗಲಿಲ್ಲ. "ಅವಳ್ನ ಓಡ್ಸಿ ಅಂದೆ ಸ್ವಾಮಿ ನಾನು. ಕೂಸನ್ನಲ್ಲ."

"ಹೆತ್ತವಳಿಗೆ ಜಾಗ ಗೊತ್ತಾದ್ರೆ ಮಗೂನ ಬೇರೆ ಕಡೆ ಹಾಕ್ಬೇಕಮ್ಮ. ನಿಯಮ ಅದು. ಪುಸ್ತಕದ ಕೊನೇ ಪುಟದಲ್ಲೇ ಅಚ್ಚಾಗಿದೆ. ನಿಮ್ಮ ಮೇಲೆ ದೂರೇನಿಲ್ಲ, ಸಾಕೋರಲ್ಲಿ ನೀವೇ ಮೇಲು. ಮುಂದಿನ ಗಾಡೀಲಿ ಬೇರೆ ಮಗು ಕೊಡ್ತೀವಿ."

"ಎಲ್ಲಿಗೆ ಸ್ವಾಮಿ? ಯಾವೂರು?"

"ಅದನ್ನ ಹೇಳೋ ಹಾಗಿಲ್ಲ."

ಅವ್ವ ಅವನ ಕಾಲು ಹಿಡಿದಳು. ಅವನು ಕೆಟ್ಟವನಲ್ಲ, ಕಾಲು ಬಿಡಿಸಿಕೊಂಡು ಬೇರೆ ಕಡೆ ನೋಡುತ್ತಾ ನಿಂತ. ಕೊನೆಗೆ ಅವ್ವ ಮರೀಯ ಎರಡೂ ಭುಜ ಹಿಡಿದು ಅಲ್ಲಾಡಿಸಿದಳು.

"ನೋಡವ್ವಾ, ನಿನ್ನ ಹೆಸರು ಎಗ್ಲಾಂತಿನ್. ಯಾರು ಕೇಳಿದ್ರೂ ಹಂಗೇ ಹೇಳು. ಎಗ್ಲಾಂತಿನ್. ನಾನು ಹುಡುಕ್ಕಂಡು ಬತ್ತೀನಿ. ಹೇಳು, ನಿನ್ನ ಹೆಸರೇನು?"

ಮರೀ ಒಂದು ಸಲ ಅವ್ವನನ್ನು ನೋಡಿದಳು, ಒಂದು ಸಲ ನನ್ನನ್ನು. "ಅಲ್ಲ, ನಾನು ಮರೀ" ಎಂದಳು. ಎಂದಿನಂತೆ ಸರಿಯಾಗಿ ಹೇಳಿದೆನೆಂಬ ಧೈರ್ಯ ಅವಳ ಮುಖದಲ್ಲಿತ್ತು. ಅವ್ವ ಮತ್ತೆ ಮತ್ತೆ ಕೇಳಿದಳು. ಗಾಡಿ ಹೊರಟ ಮೇಲೂ ಪಕ್ಕದಲ್ಲೇ ಓಡುತ್ತಾ ಕೇಳಿದಳು. ಗಾಡಿಯೊಳಗಿಂದ ಕೂಸು ಅಳುತ್ತಳುತ್ತಲೇ ಮರೀ, ಮರೀ ಎಂದು ಕೂಗುತ್ತಾ ತಿರುವಿನಲ್ಲಿ ಮರೆಯಾದಳು.

ಆಮೇಲಿನ ಒಂದು ವರ್ಷ ಅವ್ವನಿಗೆ ಭಾನುವಾರವೆಂದರೆ ನಡೆಯುವ ದಿನ. ಬೇರೆ ಮಗು ಬೇಡವೆಂದಳು. ಗಾಡಿಯವನು ಹೆಂಡ ಕುಡಿದು ಪೂರ್ವದ ಗುಡ್ಡದಾಚೆ ಎಂದಷ್ಟೇ ಬಾಯಿ ಬಿಟ್ಟಿದ್ದ. ಗುಡ್ಡದಾಚೆಯ ಊರೂರಿಗೆ ಹೋಗಿ ಎಗ್ಲಾಂತಿನ್ ಇದಾಳಾ ಎಂದು ಕೇಳುವಳು. ನಮ್ಮೂರಿನವರು ಮೊದಮೊದಲು ಮರುಗಿದರು, ಆಮೇಲೆ ಆಡಿಕೊಂಡರು. "ಕುಂಡೆಕೆರೆತ ಬಿತ್ತಾಕೆ ಹೊಂಟ್ಲು ನೋಡು" ಎಂದು ಗಂಡಸರು ನಗುತ್ತಿದ್ದರು. ಅಪ್ಪ ಅವರ ಜೊತೆ ಕೂತು ಸುಮ್ಮನೆ ಕುಡಿಯುತ್ತಿದ್ದ.

ಮುಂದಿನ ಜುಲೈನಲ್ಲಿ ಹುಲ್ಲು ಕೊಯ್ಲು ಮುಗಿದ ಮೇಲೆ ನಾನೂ ಅವ್ವನ ಜೊತೆ ವೆರ್ನೆ ಎಂಬ ಊರಿಗೆ ಹೋದೆ. ಅಲ್ಲಿಯೂ ಒಗೆಯುವ ಕೊಳದ ಸುತ್ತ ಏಳೆಂಟು ಹೆಂಗಸರು. ಅವ್ವ ಕೇಳಿದಳು. ಬಡಿಯುತ್ತಿದ್ದ ಕೈಗಳೆಲ್ಲ ನಿಂತವು. ಎಲ್ಲರೂ ನೀರು ನೋಡಿದರು. ಒಬ್ಬ ಎಳೆಯ ಹೆಂಗಸಿನ ಕೈಯಿಂದ ಸೋಪು ಜಾರಿ ನೀರಿಗೆ ಬಿತ್ತು, ಅವಳು ಅದನ್ನು ಹುಡುಕಲಿಲ್ಲ.

"ಎಗ್ಲಾಂತಿನ್ ಅನ್ನೋರು ಯಾರೂ ಇಲ್ಲ" ಎಂದಳು ಒಬ್ಬ ಮುದುಕಿ. "ಮರೀಯರು ಬೇಕಾದ್ರೆ ಮನೇಗೊಬ್ರು ಅವ್ರೆ."

ಅವ್ವ ಆ ಎಳೆಯವಳ ಪಕ್ಕ ಮಂಡಿಯೂರಿ ಕೂತಳು. ನೀರಿಗೆ ಕೈ ಹಾಕಿ ಸೋಪು ತೆಗೆದುಕೊಟ್ಟಳು. "ನಿಮ್ಮನೆ ಮರೀಗೆ ಹಾಲಿನ ಕೆನೆ ಅಂದ್ರೆ ಆಗಾಕಿಲ್ಲ, ಅಲ್ವೇನವ್ವಾ? ಸೋಸಿ ಕೊಟ್ರೆ ಕುಡೀತಾಳೆ."

ಎಳೆಯವಳು ಸೋಪನ್ನು ಬಟ್ಟೆಗೆ ಉಜ್ಜತೊಡಗಿದಳು. ಆಮೇಲೆ ಉಳಿದವರಿಗೆ ಕೇಳದಷ್ಟು ಮೆಲ್ಲಗೆ, "ಸೋಸೇ ಕೊಡ್ತೀನಿ ಅಕ್ಕ" ಎಂದಳು. ಅವಳ ಕಣ್ಣಲ್ಲಿ ಹೋದ ವರ್ಷ ನನ್ನ ಅವ್ವನ ಕಣ್ಣಲ್ಲಿದ್ದ ಅದೇ ಹೆದರಿಕೆ ಇತ್ತು.

ಅವ್ವ ಎದ್ದು ಬಂದ ದಾರಿಯಲ್ಲೇ ತಿರುಗಿದಳು. ನಾನು ಅವಳ ಲಂಗ ಹಿಡಿದು ಜಗ್ಗಿದೆ. "ಇಲ್ಲೇ ಇದಾಳೆ ಅವ್ವ. ನೋಡ್ಕಂಡಾದ್ರೂ ಹೋಗನ."

"ಬೇಡ. ಇವತ್ತು ನೋಡಿದ್ರೆ ನಾಳೀಕೂ ಬೇಕು ಅನ್ಸತ್ತೆ. ಆ ಹುಡುಗಿ ಹೆದ್ರಿ ಏಜೆಂಟ್ಗೆ ಹೇಳ್ತಾಳೆ. ಇನ್ನೂ ದೂರ ಹಾಕ್ತಾರೆ ಮಗೀನ."

ಗುಡ್ಡದ ನೆತ್ತಿಯವರೆಗೂ ಅವಳು ಬಿರಬಿರನೆ ನಡೆದಳು. ಅಲ್ಲಿ ದಾರಿಬದಿಯ ಕಲ್ಲಿನ ಮೇಲೆ ಕೂತಳು.

"ಅವಳಿಗೂ ಗೊತ್ತಾಗಿತ್ತು ಕಣೇ."

"ಯಾರಿಗೆ?"

"ರಿಬ್ಬನ್ನಿನವಳಿಗೆ. ಅವತ್ತೇ ಗೊತ್ತಾಗಿತ್ತು. ನಾವೆಲ್ಲ ಬಾಯಿ ಮುಚ್ಕಂಡಿದ್ದೇ ಸಾಕಾಗಿತ್ತು, ಈಗ ನನಗೆ ಸಾಕಾಗಲಿಲ್ವಾ ಹಂಗೆ. ಎರಡು ದಿನ ಕಣ್ತುಂಬ ನೋಡ್ಕಂಡು, ತಾನಾಗೇ ಎದ್ದು ಹೊಂಟೋದ್ಲು. ನಾನು ಇನ್ನೊಂದು ದಿನ, ಒಂದೇ ಒಂದು ದಿನ ಬಾಯಿ ಮುಚ್ಕಂಡಿದ್ರೆ ಕೂಸು ನನ್ನ ಮಡಿಲಲ್ಲಿರೋದು. ನಂಗ್ಯಾರಾದ್ರೂ ಹೇಳಬಾರದಾಗಿತ್ತಾ, ಅವಳು ಹೋದ್ಲು ಅಂತ."

ನಾನು ಮುಖ ತಿರುಗಿಸಿ ನಿಂತೆ. ಅವ್ವನಿಗೆ ಓದಲು ಬರುತ್ತಿರಲಿಲ್ಲ, ನನಗೆ ಬರುತ್ತಿತ್ತು. ಪೆಟ್ಟಿಗೆಯ ತಳದ ಆ ಪುಸ್ತಕವನ್ನು ಕೊನೆಯ ಪುಟದವರೆಗೂ ಓದಿದ್ದೆ. ಆ ಬೆಳಿಗ್ಗೆ ಅವ್ವ ಏಜೆಂಟನ ಊರಿಗೆ ಹೊರಟು ಅರ್ಧ ಗಂಟೆಯೂ ಆಗಿರಲಿಲ್ಲ, ಹೆಂಗಸು ಪೆಟ್ಟಿಗೆ ಹೊತ್ತು ಊರು ಬಿಟ್ಟದ್ದನ್ನು ನಮ್ಮ ಬಾಗಿಲಲ್ಲೇ ನಿಂತು ನೋಡಿದೆ. ಅವ್ವ ಇನ್ನೂ ಕೆಳಗಿನ ಸೇತುವೆ ದಾಟುತ್ತಿದ್ದದ್ದು ಅಲ್ಲಿಂದ ಕಾಣುತ್ತಿತ್ತು. ಆಗ ನನಗೆ ಹನ್ನೊಂದು ವರ್ಷ, ಮೇಕೆಯಂತೆ ಓಡುತ್ತಿದ್ದೆ. ಓಡಲಿಲ್ಲ. ಒಳಗೆ ಹೋಗಿ ಬಾಗಿಲು ಹಾಕಿಕೊಂಡೆ.