ಇಬ್ಬರು ಬಾಣಂತಿಯರ ಮಗ

ಅಮೋಘಸಿದ್ದ ಯಾರ ಮನೆಗೆ ಹೋದರೂ, ಏಳುವ ಮುನ್ನ, ಮನೆಮಂದಿಯನ್ನೆಲ್ಲ ಒಂದು ನಿಮಿಷ ಬಾಯಿ ಮುಚ್ಚಿ ಕೂರಿಸುತ್ತಿದ್ದ. ಕೇಳಿದವರು ನಗುತ್ತಾರೆ, ಮೊದಲ ಸಲ ನಾನೂ ನಕ್ಕಿದ್ದೆ. ತೀರಿಹೋದ ನನ್ನ ತಂದೆಯ ಬಗ್ಗೆ ಒಂದು ತಾಸು ನನ್ನಿಂದ ಮಾತಾಡಿಸಿಕೊಂಡು, ಕೊಟ್ಟ ಚಹಾ ಕುಡಿದು, ಇನ್ನೇನು ಮುಗಿಯಿತೆಂದು ನಾನು ಧೋತರ ಸರಿಪಡಿಸಿಕೊಂಡು ಏಳಬೇಕೆನ್ನುವಷ್ಟರಲ್ಲಿ ಬಲಗೈಯ ತೋರುಬೆರಳನ್ನು ಮೂಗಿನೆತ್ತರಕ್ಕೆ ಎತ್ತಿ ಹಿಡಿದ. "ಒಂದ ನಿಮಿಷ ಸುಮ್ಮನ ಕೂಡ್ರಿ ಸರ್, ಖೋಲಿ ಸದ್ದು ಹಿಡಕೋತೇನಿ" ಅಂದ. ಅಡುಗೆಮನೆಯಲ್ಲಿ ಒಗ್ಗರಣೆಗಿಟ್ಟಿದ್ದ ನನ್ನ ಹೆಂಡತಿ ಸೌಟು ಹಿಡಿದು ನಿಂತಲ್ಲೇ ನಿಂತಳು. ಸಾಸಿವೆ ಸೀದು ಕರಿಕಾಯಿತು. ನಿಮಿಷ ಮುಗಿದದ್ದೇ ಹೊರಗೆ ಬಂದು, "ಏನಪಾ, ನಮ್ಮ ಮಾತು ಸಾಲಲಿಲ್ಲಂತ ನಾವು ಸುಮ್ಮನಿರೂದನ್ನೂ ತುಂಬಿಕೊಂಡು ಹೊಂಟೀ?" ಎಂದು ಗದರಿದಳು. ಅವನು ನಗಲಿಲ್ಲ. "ಹೌದ್ರಿ ಅಕ್ಕಾರ, ಒಬ್ಬೊಬ್ಬರ ಮನಿ ಸುಮ್ಮನಿರೂದು ಒಂದೊಂದ ಥರಾ ಇರತೈತಿ" ಎಂದು ಅಷ್ಟೇ ಗಂಭೀರವಾಗಿ ಉತ್ತರ ಕೊಟ್ಟ.

ಸಾಕ್ಷ್ಯಚಿತ್ರ ಮಾಡುವವರಿಗೆ ಇದು ಅನಿವಾರ್ಯವಂತೆ. ಮಾತನ್ನು ಕತ್ತರಿಸಿ ಜೋಡಿಸುವಾಗ ನಡುವೆ ಬೀಳುವ ತೆರಪನ್ನು ಬರಿದಾಗಿ ಬಿಟ್ಟರೆ, ಕತ್ತಲಲ್ಲಿ ಮೆಟ್ಟಿಲು ತಪ್ಪಿದ ಹಾಗೆ ಕಿವಿ ಬೆಚ್ಚುತ್ತದೆ. ಅಲ್ಲಿ ಅದೇ ಕೋಣೆಯ ನಿಶ್ಶಬ್ದವನ್ನೇ, ಎಂದರೆ ಫ್ಯಾನಿನ ಗುಂಯ್ಗುಡುವಿಕೆ, ದೂರದ ಹಿಟ್ಟಿನ ಗಿರಣಿ, ಗೋಡೆಯಾಚೆಯ ಯಾರದೋ ಕೆಮ್ಮು ಎಲ್ಲ ಬೆರೆತ ನಿಶ್ಶಬ್ದವನ್ನೇ ತಂದು ತುಂಬಬೇಕಂತೆ. ಉಳಿದವರು ಕೆಲಸವೆಂದು ಮಾಡುವುದನ್ನು ಇವನು ಪೂಜೆಯೆಂದು ಮಾಡುತ್ತಿದ್ದ. ಇಪ್ಪತ್ತು ವರ್ಷದ ಅಭ್ಯಾಸಬಲದಿಂದ ಆ ಬೆರಳಿಗೆ ತನ್ನದೇ ಒಂದು ಅಧಿಕಾರ ಬಂದುಬಿಟ್ಟಿತ್ತು. ಅದು ಮೇಲೆದ್ದರೆ ಅಳುವ ಕೂಸು ಕೂಡ ಅಳು ನಿಲ್ಲಿಸಿ ಅದನ್ನೇ ನೋಡುತ್ತಿತ್ತು.

ಆರಡಿ ಎತ್ತರದ ಒಣಕಲು ದೇಹ, ಬಾಗಿದ ಹೆಗಲು, ಚಳಿಗಾಲ ಬೇಸಿಗೆಯೆನ್ನದೆ ಮೈಮೇಲಿರುತ್ತಿದ್ದ ಹನ್ನೊಂದು ಜೇಬಿನ ಖಾಕಿ ತೋಳಿಲ್ಲದ ಕೋಟು. ಚಪ್ಪಲಿ ಸದ್ದು ಮಾಡಬಾರದೆಂದು ಅಡಿಗೆ ಸೈಕಲ್ಲಿನ ಟ್ಯೂಬು ಹಚ್ಚಿಸಿಕೊಂಡು, ಮಗು ಮಲಗಿದ ಮನೆಯೊಳಗೆ ಹೋಗುವವನಂತೆ ವಿಜಯಪುರದ ಸಂತೆಯಲ್ಲೂ ಹೆಜ್ಜೆ ಎತ್ತಿ ಎತ್ತಿ ಇಡುತ್ತಿದ್ದ. ಮಾತು ಬಹಳ ಕಡಿಮೆ. ಎದುರಿಗಿದ್ದವರು ಹೇಳುತ್ತ ಹೇಳುತ್ತ ತಡವರಿಸಿ ನಿಂತರೆ "ಮುಂದ?" ಎನ್ನುತ್ತಿದ್ದ. ಆ ಒಂದು ಶಬ್ದದಿಂದ ಅವನು ಜನರ ಹೊಟ್ಟೆಯೊಳಗಿನ ಏನೇನನ್ನು ಹೊರಗೆಳೆದನೆಂಬುದು, ಅವನ ಚಿತ್ರಗಳಿಗೆ ನಿರೂಪಣೆ ಬರೆದುಕೊಡುತ್ತಿದ್ದ ನನಗೆ ಗೊತ್ತು.

ಮೊದಲು ಸ್ಟೇಷನ್ ರಸ್ತೆಯ ಒಂದು ಸ್ಟುಡಿಯೋದಲ್ಲಿ ಮದುವೆಯ ವಿಡಿಯೋ ಹಿಡಿಯುತ್ತಿದ್ದ. ಅಕ್ಷತೆ ಬೀಳುವ ಹೊತ್ತಿಗೆ ಇವನ ಕ್ಯಾಮೆರಾ ವಧೂವರರನ್ನು ಬಿಟ್ಟು, ಕಂಬದ ಮರೆಯಲ್ಲಿ ಕಣ್ಣೊರೆಸಿಕೊಳ್ಳುವ ಯಾವುದೋ ಸೋದರತ್ತೆಯ ಮೇಲೆ ನೆಟ್ಟಿರುತ್ತಿತ್ತು. "ಲೇ, ನನ್ನ ಮಗಳ ಲಗ್ನದಾಗ ನನ್ನ ಮಗಳ ಕಾಣವಲ್ಲಳಲ್ಲೋ!" ಎಂದು ಬೀಗರೊಬ್ಬರು ಸ್ಟುಡಿಯೋಕ್ಕೇ ಬಂದು ಕೂಗಾಡಿದ ಮೇಲೆ ಆ ನೌಕರಿ ಹೋಯಿತು. ಒಳ್ಳೆಯದೇ ಆಯಿತೆನ್ನಬೇಕೋ ಏನೋ, ಮರುವರ್ಷವೇ ಬಬಲೇಶ್ವರದ ಅಣ್ಣತಮ್ಮಂದಿರಿಬ್ಬರ ಚಿತ್ರ ಮಾಡಿದ. ಮನೆಯ ನಡುವೆ ಗೋಡೆ ಹಾಕಿಕೊಂಡು ಎಂಟು ವರ್ಷ ಮಾತು ಬಿಟ್ಟವರು; ತಂದೆಯ ವಿಚಾರ ಕೇಳಿದರೆ ಒಬ್ಬ ಸಾಧುವಿನ ಕಥೆ ಹೇಳಿದ, ಇನ್ನೊಬ್ಬ ರಾಕ್ಷಸನ ಕಥೆ ಹೇಳಿದ. ಕೊನೆಯಲ್ಲಿ ಇವನು ಗೋಡೆಯ ಎರಡೂ ಬದಿಯ ಖೋಲಿ ಸದ್ದನ್ನು ಒಂದರ ಹಿಂದೊಂದು ಇಟ್ಟಿದ್ದ: ಎರಡರಲ್ಲೂ ಅದೇ ಮಾಳಿಗೆಯ ಅದೇ ಪಾರಿವಾಳಗಳು ಗುಟುರು ಹಾಕುತ್ತಿದ್ದವು. ಅದಾದ ಮೇಲೆ ಪೀರಸಾಬ ಎಂಬ ಅರಕೇರಿಯ ದರ್ಜಿಯ ಚಿತ್ರ. ಆತನ ತಾಯಿ ಬದುಕಿನಲ್ಲಿ ಒಂದು ಫೋಟೋವನ್ನೂ ತೆಗೆಸಿಕೊಂಡವಳಲ್ಲ. ಮಗನ ಬಳಿ ಉಳಿದದ್ದು ಆಕೆಯ ಅಳತೆಯ ಒಂದು ಕುಬಸ ಮಾತ್ರ. ಆ ಕುಬಸವನ್ನು ಮೇಜಿನ ಮೇಲೆ ಹರವಿ, ಹೆಗಲಿನಿಂದ ತೋಳಿಗೆ ಬೆರಳಾಡಿಸುತ್ತ, "ಇಷ್ಟ ಇದ್ಲು ನೋಡ್ರಿ ನಮ್ಮವ್ವ" ಎಂದು ಪೀರಸಾಬ ಹೇಳುತ್ತಾನೆ. ಪುಣೆಯಲ್ಲಿ ಆ ಚಿತ್ರಕ್ಕೆ ಪ್ರಶಸ್ತಿ ಬಂತು. ನಮ್ಮೂರಿನಲ್ಲಿ ತೋರಿಸಿದಾಗ ಒಂಬತ್ತು ಜನ ಬಂದಿದ್ದರು, ಅದರಲ್ಲಿ ಇಬ್ಬರು ಫ್ಯಾನಿನ ಗಾಳಿಗೆ ಬಂದವರು. ಪುಣೆಯ ಹಿತ್ತಾಳೆಯ ಸ್ಮರಣಿಕೆಯನ್ನು ಅವನ ತಾಯಿ ಕಾಳವ್ವ ಹಿತ್ತಲ ಬಾಗಿಲು ಬಡಿಯದಂತೆ ಅಡ್ಡ ಇಟ್ಟಿದ್ದಳು.

ಊರ ಮಂದಿಯ ತಾಯಿತಂದೆಯರ ಬೆನ್ನು ಹತ್ತಿದ ಇವನದೇ ಒಂದು ಕಥೆಯಿತ್ತು. ಅದನ್ನು ನನಗೆ ಹೇಳಲು ಏಳು ವರ್ಷ ತೆಗೆದುಕೊಂಡ.

ಇವನ ಹುಟ್ಟೂರು ತಿಕೋಟಾ ಬದಿಯ ಹೊನವಾಡ. ತಂದೆ ಅಮರಪ್ಪನಿಗೆ ಕಾಳವ್ವನಲ್ಲಿ ಬಹಳ ವರ್ಷ ಮಕ್ಕಳಾಗಲಿಲ್ಲವೆಂದು, ಆ ಕಾಲದ ರೂಢಿಯಂತೆ, ಆಕೆಯ ತಂಗಿ ರಾಚವ್ವನನ್ನೇ ಎರಡನೆಯವಳಾಗಿ ತಂದರು. ಅದಾದ ಎರಡು ವರ್ಷಕ್ಕೆ ಮನೆಯಲ್ಲಿ ಒಂದು ಗಂಡುಕೂಸು ಹುಟ್ಟಿತು. ಹಡೆದವಳು ಯಾರು? ಅದನ್ನು ಮಾತ್ರ ಯಾರೂ ಹೇಳಲಿಲ್ಲ. ಇಬ್ಬರೂ ದಿನ ತುಂಬಿದವರಂತೆ ನಾಲ್ಕು ತಿಂಗಳು ಹೊಸ್ತಿಲು ದಾಟಲಿಲ್ಲವಂತೆ; ಒಬ್ಬಳು ಹೆಚ್ಚಾಗಿ ಇನ್ನೊಬ್ಬಳು ಕಡಿಮೆಯಾಗಬಾರದೆಂದು ದೇವರ ಜಗುಲಿಯ ಮುಂದೆ ಅಕ್ಕತಂಗಿಯರು ಪರಸ್ಪರ ಆಣೆ ಹಾಕಿಕೊಂಡಿದ್ದರಂತೆ. ಹೆರಿಗೆ ಮಾಡಿಸಿದ ನೂರಜಹಾನಳನ್ನು ಅಮೋಘಸಿದ್ದ ಕ್ಯಾಮೆರಾದ ಮುಂದೆ ಕೂರಿಸಿ ಕೇಳಿದ. ಮುದುಕಿ ಬೊಚ್ಚು ಬಾಯಿ ತೆರೆದು ನಕ್ಕು, "ಇಬ್ಬರಿಗೂ ತಲಿ ಕಟ್ಟೇನಿ, ಇಬ್ಬರಿಗೂ ಅಂಟಿನುಂಡಿ ತಿನಿಸೇನಿ, ಇಬ್ಬರನೂ ಒಂದ ಹೊರಸಿನ ಮ್ಯಾಲ ಮಲಗಿಸಿ ಕೆಳಗ ಅಗ್ಗಿಷ್ಟಿಗಿ ಇಟ್ಟೇನಿ. ಹಡದಾಕಿ ಒಬ್ಬಾಕಿ, ಬಾಣಂತಿ ಇಬ್ಬರು. ಮುಂದಿಂದು ಕೇಳಬ್ಯಾಡೋ ಯಪ್ಪಾ, ಮಾತು ಕೊಟ್ಟೇನಿ" ಎಂದಳು. "ಮುಂದ?" ಎಂಬ ಇವನ ಅಸ್ತ್ರ ಅಲ್ಲಿ ಮುರಿಯಿತು. ಕೊಟ್ಟ ಮಾತಿನ ಜೊತೆಗೇ ಆಕೆ ಮಣ್ಣಿಗೆ ಹೋದಳು.

ಮನೆಯಲ್ಲಿ "ಅವ್ವಾ" ಎಂದು ಕೂಗಿದರೆ ಎರಡು ಕಡೆಯಿಂದ "ಓ" ಬರುತ್ತಿತ್ತು. ಚಿಕ್ಕಂದಿನಲ್ಲಿ ಅದೊಂದು ಹೆಮ್ಮೆ. ದೊಡ್ಡವನಾದಂತೆ ಅದೇ ಕೊರಗಾಯಿತು. "ರಕ್ತಾ ಪರೀಕ್ಷಾ ಮಾಡಿಸಿದ್ರ ಒಂದ ದಿನದಾಗ ತಿಳೀತದೋ ಮಾರಾಯಾ" ಎಂದು ನಾನೊಮ್ಮೆ ಬುದ್ಧಿ ಹೇಳಿದೆ. ಅವನು ನನ್ನನ್ನು ನೋಡಿದ ನೋಟಕ್ಕೆ ನನಗೇ ನಾಚಿಕೆಯಾಯಿತು. "ದವಾಖಾನಿ ಕಾಗದಾ ಹೇಳೂದು ಬ್ಯಾಡ್ರಿ ಸರ್. ಆಕಿ ಬಾಯಿಂದ ಬರಬೇಕು" ಅಂದ. ಅಮರಪ್ಪ ಹೋದ, ನಾಲ್ಕು ವರ್ಷದ ಹಿಂದೆ ರಾಚವ್ವನೂ ಹೋದಳು. ಉಳಿದದ್ದು ಎಂಬತ್ತು ದಾಟಿದ, ಇವನ ಜೊತೆಗೇ ವಿಜಯಪುರದಲ್ಲಿದ್ದ ಕಾಳವ್ವನ ಒಂದು ಬಾಯಿ. ಇಪ್ಪತ್ತು ವರ್ಷ ಕಂಡವರ ಮನೆಯಲ್ಲಿ ಮಾಡಿದ್ದೆಲ್ಲ ಆ ಬಾಯಿಯ ಎದುರಿಗೆ ಕೂರಲು ಮಾಡಿದ ತಾಲೀಮು ಎಂದು ನನಗೆ ಆಗ ತಿಳಿಯಿತು.

ಎರಡು ವರ್ಷದ ಹಿಂದೆ, ಮಾರ್ಚಿನಲ್ಲಿ, ಕಾಳವ್ವ ತಾನಾಗಿಯೇ ಅಂದಳು: "ಹೊನವಾಡಕ್ಕ ಹೋಗೂಣು ನಡಿ. ಅದೇನ ಹಿಡಕೋತಿ, ಅಲ್ಲೇ ಹಿಡಕೋ." ನಾವು ಮೂವರೂ ತಿಕೋಟಾ ಹಾದು ಬಸ್ಸಿನಲ್ಲಿ ಹೋದೆವು. ಊರ ಮನೆಯಲ್ಲಿ ಈಗ ಅಮರಪ್ಪನ ತಮ್ಮನ ಸಂಸಾರ. ಅವರು ದ್ರಾಕ್ಷಿ ಒಣಗಿಸುವ ಶೆಡ್ಡಿಗೆ ಹೋಗಿದ್ದರಿಂದ ಮನೆ ಖಾಲಿಯಿತ್ತು. ಕಾಳವ್ವ ಒಳಗಿನ ಸಣ್ಣ ಕೋಣೆಗೆ ಹೋಗಿ, ಗೋಡೆ ಸವರಿ, "ಇಲ್ಲೇ" ಎಂದು ನೆಲದ ಮೇಲೆ ಕುಳಿತಳು. ನಾನು ಮೂಲೆಯ ಜೋಳದ ಚೀಲದ ಮೇಲೆ ಕುಳಿತೆ.

ಒಂದೂವರೆ ತಾಸು ಮಾತಾಡಿದಳು. ಗಂಡನ ಸಿಟ್ಟು, ಮೊದಲ ದ್ರಾಕ್ಷಿ ಹಚ್ಚಿದ ವರ್ಷ, ರಾಚವ್ವನ ಮೊಣಕಾಲುದ್ದದ ಕೂದಲು, ಅಕ್ಕತಂಗಿ ಒಂದೇ ತಾಟಿನಲ್ಲಿ ಉಂಡದ್ದು. ಅಮೋಘಸಿದ್ದ ಮತ್ತೆ ಮತ್ತೆ ಅದೇ ಬಾಗಿಲಿಗೆ ಬಂದು "ಮುಂದ?" ಎಂದರೆ, "ಮುಂದೇನು, ನೀ ಬಂದಿ, ದೊಡ್ಡಾಂವಾದಿ" ಎಂದು ಜಾರಿಕೊಂಡಳು. ಕೊನೆಗೆ ಅವನು ಸೋತ. ಕ್ಯಾಮೆರಾ ಆರಿಸಿದ. ಸೋತಾಗಲೂ ಕಸುಬು ಬಿಡಬಾರದಲ್ಲ! ಕಿವಿಗೆ ಹೆಡ್‌ಫೋನು ಏರಿಸಿ, ಧ್ವನಿಯಂತ್ರದ ಮುಳ್ಳಿನ ಮೇಲೆ ಕಣ್ಣು ನೆಟ್ಟು, ತಲೆ ಬಗ್ಗಿಸಿಯೇ ಬೆರಳೆತ್ತಿದ. ನಿಮಿಷ ಶುರುವಾಯಿತು. ಹೊರಗೆ ಯಾರದೋ ತೋಟದಲ್ಲಿ ಟ್ರ್ಯಾಕ್ಟರು ನಡೆಯುತ್ತಿತ್ತು.

ನಾನು ಕಾಳವ್ವನ ಮುಖ ನೋಡುತ್ತಿದ್ದೆ. ಮಾತಾಡಿಸುವವರು ಮಾತು ನಿಲ್ಲಿಸಿದ ಮೇಲೆ ಆ ಮುಖದ ಬಿಗಿ ಸಡಿಲಿತು. ಆಕೆ ಗೋಡೆ ನೋಡಿದಳು, ಮಗನ ಬಾಗಿದ ನೆತ್ತಿ ನೋಡಿದಳು, ಸೆರಗಿನಿಂದ ಬಾಯೊರೆಸಿಕೊಂಡಳು. "ಯಪ್ಪಾ, ನಿನ್ನ ಹಡದಾಕಿ..." ಎಂದಳು.

ಅಮೋಘಸಿದ್ದ ತಲೆಯೆತ್ತದೆಯೇ ಬೆರಳನ್ನು ಇನ್ನೊಂದು ಗೇಣು ಮೇಲೆತ್ತಿದ.

ಆಕೆ ಬಾಯಿ ಮುಚ್ಚಿದಳು.

ನನ್ನ ತಪ್ಪನ್ನೂ ಇಲ್ಲಿಯೇ ಹೇಳಿಬಿಡುತ್ತೇನೆ. "ಬಿಡೋ, ಆಕಿಗೆ ಮಾತಾಡಾಕ ಬಿಡು!" ಎಂದು ನಾನು ಕೂಗಬಹುದಿತ್ತು. ಕೂಗಲಿಲ್ಲ. ಮೂವತ್ತು ವರ್ಷ ಕಾಲೇಜಿನಲ್ಲಿ ಕನ್ನಡ ಪಾಠ ಹೇಳಿ ಬಾಯಿಯಿಂದಲೇ ಹೊಟ್ಟೆ ಹೊರೆದವನು, ಆ ಹಾಳು ಬೆರಳಿಗೆ ಹೆದರಿ ಜೋಳದ ಚೀಲದ ಮೇಲೆ ಕಲ್ಲಾಗಿ ಕುಳಿತೆ. ನಿಮಿಷ ಮುಗಿಯಿತು. ಅವನು ಹೆಡ್‌ಫೋನು ತೆಗೆದ. ನಮ್ಮೆಲ್ಲರಿಗಿಂತ ಸ್ಪಷ್ಟವಾಗಿ ಆ ಮಾತನ್ನು ಕೇಳಿಸಿಕೊಂಡ ಕಿವಿ ಅವನದೇ, ಆದರೆ ಅದು ಮಾತೆಂದು ಅವನಿಗೆ ಹೊಳೆದದ್ದು ಆಗಲೇ. ಮುಖ ಬೂದಿಯಾಯಿತು. "ಯವ್ವಾ, ಈಗ ಏನಂದಿ ಬೇ?"

"ಏನಿಲ್ಲೋ. ನೀನ ಸುಮ್ಮನಿರಂದೆಲ್ಲ, ಸುಮ್ಮನಾದೆ."

ಅವನು ಆಕೆಯ ಕಾಲು ಹಿಡಿದ. ಇಷ್ಟೆತ್ತರದ ಗಂಡಸು ನೆಲದ ಮೇಲೆ ಮಡಚಿಕೊಂಡು ಬಿದ್ದು ಅಳುವುದನ್ನು ನಾನು ನೋಡಲಾರದೆ ಹೊರಗೆ ಬಂದೆ. ತಿರುಗಿ ಬರುವಾಗ ಬಸ್ಸಿನಲ್ಲಿ ಕಾಳವ್ವ ಮೈದುನನ ಮನೆಯವರು ಕೊಟ್ಟ ಒಣದ್ರಾಕ್ಷಿಯನ್ನು ಒಂದೊಂದಾಗಿ ಬಾಯಿಗಿಟ್ಟುಕೊಳ್ಳುತ್ತ ಕಿಟಕಿಯಾಚೆ ನೋಡುತ್ತ ಕುಳಿತಿದ್ದಳು.

ಅದಾದ ಮೇಲೆ ಆಕೆ ಬದುಕಿದ್ದು ಹತ್ತೊಂಬತ್ತು ದಿನ. ದಿನವೂ ಕೇಳಿದ, ಕ್ಯಾಮೆರಾ ಇಲ್ಲದೆ, ಬರಿಗೈಯಲ್ಲಿ. ಒಂದು ಮಧ್ಯಾಹ್ನ, ನಾನೂ ಇದ್ದೆ, ಕಾಳವ್ವ ಅವನ ಬಲಗೈಯನ್ನು ತನ್ನ ಕೈಯಲ್ಲಿ ತೆಗೆದುಕೊಂಡು ಹೇಳಿದಳು: "ಆಣಿ ಮುರದು ಹೇಳಬೇಕಂತನ ಬಂದಿದ್ದೆ ಯಪ್ಪಾ. ನೀ ಕೈ ಎತ್ತಿದಿ ನೋಡು, ಥೇಟ ರಾಚೀ ಕೈ ಕಂಡಂಗಾತು. ಹಿಂಗ ಬೆರಳ ಎತ್ತಿ ನನ್ನ ಸುಮ್ಮನ ಮಾಡತಿದ್ಲು ಆಕಿ. ಅಕ್ಕಾ, ಬ್ಯಾಡಂತ ಅಂದಂಗಾತು. ಇನ್ನ ಕೇಳಬ್ಯಾಡ." ಅಷ್ಟೇ. ಮತ್ತೆ ಆ ವಿಷಯಕ್ಕೆ ಆಕೆ ಬಾಯಿ ತೆರೆಯಲಿಲ್ಲ.

ಹಾಗಾದರೆ ರಾಚವ್ವನೇ ಹಡೆದವಳೇ? ಅವನು ನನ್ನನ್ನು ನೂರು ಸಲ ಕೇಳಿದ್ದಾನೆ. ಅಕ್ಕತಂಗಿಯರ ಕೈಗಳು ಒಂದೇ ಥರ ಇರುತ್ತವೆ. ಕಂಕುಳಲ್ಲಿ ಎತ್ತಿ ಬೆಳೆಸಿದವಳಿಂದಲೂ ಮಗು ಬೆರಳೆತ್ತುವುದನ್ನು ಕಲಿಯುತ್ತದೆ. ನಾನು ಏನು ಹೇಳಲಿ? ಗೊತ್ತಿಲ್ಲವೆಂದೇ ಹೇಳುತ್ತೇನೆ.

ಆ ನಿಮಿಷವನ್ನು ಒಮ್ಮೆ ನನಗೆ ಕೇಳಿಸಿದ. ಮೊದಲು ಟ್ರ್ಯಾಕ್ಟರಿನ ದೂರದ ಸದ್ದು, ಆಕೆಯ ಬಳೆ, ನನ್ನದೇ ಉಬ್ಬಸ. ನಲವತ್ತೊಂದನೆಯ ಸೆಕೆಂಡಿಗೆ ಆ ಮೂರು ಶಬ್ದಗಳು. ಕೂಡಲೇ ಖಾಕಿ ಕೋಟು ಸರಿದ ಸಣ್ಣ ಸರಬರ. ಬೆರಳೆತ್ತಿದ್ದರ ಸದ್ದು ಅದು. ಆಮೇಲೆ ಖೋಲಿ, ಬರೀ ಖೋಲಿ. "ಇಷ್ಟ ಚಂದ ಖೋಲಿ ಸದ್ದು ನನಗ ಎಂದೂ ಸಿಕ್ಕಿಲ್ಲರಿ ಸರ್" ಎಂದು ಅವನು ಹೇಳಿದಾಗ, ಮೈಮೇಲೆ ಕೆಂಡ ಸುರಿದಂತಾಯಿತು.

ಅಂದಿನಿಂದ ಅವನು ಚಿತ್ರ ಮಾಡಿಲ್ಲ. ಕೋಟು ಗೂಟಕ್ಕೆ ತೂಗುತ್ತದೆ. ವಾರಕ್ಕೊಮ್ಮೆ ನಮ್ಮ ಮನೆಗೆ ಬಂದು ಕೂರುತ್ತಾನೆ. ನನ್ನ ಹೆಂಡತಿ ಹಾಲಿನವನ ಮೇಲೆ, ಬೀಗರ ಮೇಲೆ, ನನ್ನ ಮೇಲೆ ಎಷ್ಟೇ ಹೊತ್ತು ಮಾತಾಡಲಿ, ಎರಡೂ ಕೈಗಳನ್ನು ತೊಡೆಯ ಕೆಳಗೆ ಅದುಮಿಟ್ಟುಕೊಂಡು ಕೇಳುತ್ತಾನೆ.

ಪರರ ಮಾತಿಗೆ ಕಿವಿಯಾಗುವುದನ್ನೇ ಬದುಕು ಮಾಡಿಕೊಂಡವರನ್ನು ನಾನು ಕೆಲವರನ್ನು ಕಂಡಿದ್ದೇನೆ. ಊರೆಲ್ಲ ಅವರ ಮುಂದೆ ಗಂಟು ಬಿಚ್ಚುತ್ತದೆ, ಬಿಚ್ಚಿ ಹಗುರಾಗಿ ಮನೆಗೆ ಹೋಗುತ್ತದೆ. ಅವರಿಗೆ ಮಾತ್ರ, ಮಾತು ಬರುವ ಹೊತ್ತು ಇಂಥದೆಂದು ಒಂದು ಶಿಸ್ತು ಕೂತುಬಿಡುತ್ತದೆ. ತಮ್ಮವರ ಮಾತು ಆ ಶಿಸ್ತು ಕೇಳದೆ, ಯಂತ್ರ ಆರಿದ ಮೇಲೆ, ಯಾರೂ ಕೇಳದಿದ್ದಾಗ ಬರುತ್ತದೆಂಬುದು ಅವರಿಗೆ ತಿಳಿಯುವ ಹೊತ್ತಿಗೆ ಕೈ ಮೇಲೆದ್ದಿರುತ್ತದೆ. ಅಮೋಘಸಿದ್ದ ಕೆಟ್ಟ ಮಗನಲ್ಲ. ಕಸುಬಿನಲ್ಲಿ ಎಳ್ಳಷ್ಟೂ ತಪ್ಪು ಮಾಡಿದವನೂ ಅಲ್ಲ. ಅದೇ ನನಗೆ ಇವತ್ತಿಗೂ ನುಂಗಲಾರದ ಸಂಕಟ: ಆ ದಿನವೂ ಅವನು ತನ್ನ ಕೆಲಸವನ್ನು ಸರಿಯಾಗಿಯೇ ಮಾಡಿದ್ದ.