ಗಾಜಿನೊಳಗಿನ ಪರವಾನಗಿ

ಯಶೋಧ ಮೌಸ್ ಮುಟ್ಟುವುದಿಲ್ಲ. ಅದು ಅವಳ ಮೇಜಿನ ಮೂಲೆಯಲ್ಲಿ ಬಾಲ ಸುತ್ತಿಕೊಂಡು ಧೂಳು ತಿನ್ನುತ್ತ ಬಿದ್ದಿರುತ್ತದೆ. ಕಪ್ಪು ಪರದೆ, ಅದರ ಮೇಲೆ ಬಿಳಿ ಅಕ್ಷರ, ಕೀಲಿಮಣೆಗೆ ಹತ್ತೂ ಬೆರಳುಗಳ ಏಟು, ಇಷ್ಟರಲ್ಲೇ ಅವಳ ಸಕಲ ವ್ಯವಹಾರ. ಸಿಟ್ಟು ಬಂದ ದಿನ ಆ ಏಟಿನ ಸದ್ದು ಪಕ್ಕದ ತೂಕದ ಕೋಣೆಗೂ ಕೇಳುತ್ತದೆ. ಸಿಟ್ಟು ಬಾರದ ದಿನಗಳು ಕಡಿಮೆ.

ಪಾಂಡವಪುರದಿಂದ ನಾಗಮಂಗಲದ ಕಡೆಗೆ ಹೋಗುವ ರಸ್ತೆಯ ಪಕ್ಕದ ಒಂದು ಖಾಸಗಿ ಹಾಲಿನ ಡೈರಿಯಲ್ಲಿ ಕಂಪ್ಯೂಟರು ನೋಡಿಕೊಳ್ಳುವುದು ಅವಳ ಕೆಲಸ. ಸರ್ವರ್ ಕೋಣೆಯಲ್ಲಿ ಸದಾ ಕೊರೆಯುವ ತಂಪು. ಆದ್ದರಿಂದ ಕಾವಲುಗಾರನಾಗಿದ್ದ ಅಪ್ಪ ಚೆಲುವಯ್ಯ ಬಿಟ್ಟುಹೋದ ಖಾಕಿ ಉಣ್ಣೆಯ ಕೋಟು ಅವಳ ಮೈಮೇಲೆ. ಹೊರಗೆ ಬಿಸಿಲು ಸುಡುವಾಗಲೂ ಅದನ್ನು ಕಳಚದೆ, ಚಪ್ಪಲಿಯನ್ನು ನೆಲಕ್ಕೆ ಬಡಿಯುತ್ತ, ಜಗಳಕ್ಕೆ ಹೊರಟವಳಂತೆ ಅಂಗಳ ದಾಟುವ ಅವಳನ್ನು ಕಂಡರೆ ಹಾಲಿನ ಗಾಡಿಯವರು ತಾವಾಗಿಯೇ ದಾರಿ ಬಿಡುತ್ತಾರೆ. ಮಾತಿಗೆ ಮುಂಚೆ ಒಂದು, ಮಾತು ಮುಗಿದ ಮೇಲೆ ಒಂದು, "ಯೋಳಿದ್ನೋ ಇಲ್ವೋ?" ಇದ್ದೇ ಇರುತ್ತದೆ.

ಹೇಳಿದ್ದಳು, ಒಂದಲ್ಲ ಮೂರು ಸಲ. ಆ ಕೋಣೆಯಲ್ಲಿರುವುದು ಒಂದೇ ದೊಡ್ಡ ಯಂತ್ರ. ಅದರ ಹೊಟ್ಟೆಯೊಳಗೆ ಒಂದೇ ಮನೆಯ ಆರು ಸಂಸಾರಗಳಂತೆ ಆರು ಕಂಪ್ಯೂಟರುಗಳು ನಡೆಯುತ್ತವೆ. ತೂಕದ್ದೊಂದು, ಜಿಡ್ಡಿನ ಪರೀಕ್ಷೆಯದೊಂದು, ಹಳ್ಳಿಗಳ ಹೆಸರಿನದೊಂದು, ಹೀಗೆ. ಈ ಏರ್ಪಾಡನ್ನು ನಡೆಸುವ ತಂತ್ರಾಂಶಕ್ಕೆ ಪರವಾನಗಿ ಬೇಕು. ಇಪ್ಪತ್ತೈದು ಅಕ್ಷರಗಳ ಒಂದು ಸಾಲು. ಮೈಸೂರಿನಿಂದ ಬಂದವರು ಅರವತ್ತು ದಿನದ ಪ್ರಾಯೋಗಿಕ ಪರವಾನಗಿ ಹಾಕಿ ಹೊರಟುಹೋದರು. ಅಸಲಿ ಪರವಾನಗಿ ಆಮೇಲೆ ಕೊರಿಯರಿನಲ್ಲಿ, ಹೊಳೆಯುವ ಕಾಗದದ ಮೇಲೆ ಅಚ್ಚಾಗಿ ಬಂತು. ಮ್ಯಾನೇಜರ್ ಮಹದೇವಸ್ವಾಮಿಯವರು ಅದನ್ನೇನು ಮಾಡಿದರು? ಅಂಗಡಿಯ ಲೈಸೆನ್ಸಿನಂತೆ ಗಾಜಿನ ಕಟ್ಟು ಹಾಕಿಸಿ, ತಮ್ಮ ಕುರ್ಚಿಯ ಹಿಂದೆ ಗೋಡೆಗೆ ತೂಗುಹಾಕಿದರು! ಕಟ್ಟು ಹಾಕುವವನು ಅಳತೆಗೆ ಕೂರಿಸಲು ಕಾಗದದ ಕೆಳಗಂಚನ್ನು ಹಿಂದಕ್ಕೆ ಮಡಚಿದ್ದ. ಬೇಕಾದ ಸಾಲು ಆ ಮಡಿಕೆಯಲ್ಲೇ ಅಡಗಿಹೋಯಿತು.

"ಸಾರ್, ಬಿಚ್ಚಿಸ್ಕೊಡಿ, ಮಿಷನ್‌ಗೆ ಹಾಕ್ಬೇಕು" ಎಂದು ಕೇಳಿದಾಗಲೆಲ್ಲ ಅವರದು ಒಂದೇ ಉತ್ತರ: "ಲೈಸೆನ್ಸು ಗ್ವಾಡೆ ಮ್ಯಾಲೆ ಅದೆ ಕಣಮ್ಮ. ಯಾರ್ ಬಂದ್ ಕೇಳುದ್ರೂ ತೋರುಸ್ಬೋದು."

ಅರವತ್ತನೆಯ ದಿನ ಅವಳು ಕಪ್ಪು ಪರದೆಯಲ್ಲಿ ಆಜ್ಞೆ ಬರೆದು ವಿಚಾರಿಸಿದಳು. ಅವಧಿ ಮುಗಿದಿದೆ ಎಂದಿತು ಯಂತ್ರ. ಓಡುತ್ತಿರುವುದು ಓಡುತ್ತಿರುತ್ತದೆ, ಒಮ್ಮೆ ಆರಿಸಿದರೆ ಆ ಆರೂ ಮತ್ತೆ ಏಳುವುದಿಲ್ಲ. "ಆರಿಸಬೇಡಿ" ಎಂದು ದಪ್ಪಕ್ಷರದಲ್ಲಿ ಬರೆದು ಸ್ವಿಚ್ಚಿನ ಮೇಲೆ ಅಂಟಿಸಿದಳು.

ಆಯುಧಪೂಜೆ ಬಂತು. ಬೆಳಗಿನ ಹಾಲು ಇಳಿದ ಮೇಲೆ ಯಶೋಧ ಬಾಬುರಾಯನಕೊಪ್ಪಲಿನಲ್ಲಿರುವ ಅವ್ವ ಬೆಟ್ಟಮ್ಮನ ಮನೆಗೆ ಊಟಕ್ಕೆ ಹೋದಳು. ಇತ್ತ ಪೂಜೆಗೆಂದು ಗೋಡೆ ಒರೆಸಿದವರು ಸ್ವಿಚ್ಚಿನ ಮೇಲಿನ ಆ ಎಚ್ಚರಿಕೆಯ ಕಾಗದವನ್ನೂ ಕಿತ್ತೆಸೆದರು. ದುಡಿಯುವ ಯಂತ್ರಕ್ಕೆ ವರ್ಷಕ್ಕೊಂದು ಗಳಿಗೆ ವಿಶ್ರಾಂತಿ ಬೇಡವೇ ಎಂದು ಮಹದೇವಸ್ವಾಮಿಯವರು ಬ್ಯಾಟರಿ ಸಮೇತ ಎಲ್ಲವನ್ನೂ ಆರಿಸಿ, ವಿಭೂತಿ ಬಳಿದು, ಕುಂಕುಮವಿಟ್ಟು, ಬೂದುಗುಂಬಳ ಒಡೆದರು. ಕಟ್ಟು ಹಾಕಿದ ಪರವಾನಗಿಗೂ ಒಂದು ಸೇವಂತಿಗೆ ಹಾರ.

ಸಂಜೆಯ ಹಾಲು ಬಂದಾಗ ಯಂತ್ರ ಎದ್ದಿತು, ಒಳಗಿನ ಆರು ಕಂಪ್ಯೂಟರುಗಳು ಏಳಲಿಲ್ಲ. ತೂಕವೂ ಜಿಡ್ಡೂ ದಾಖಲಾಗದೆ ತಂಪು ತೊಟ್ಟಿಯ ಕೊಳವೆ ತೆರೆಯುವುದಿಲ್ಲ. ಹಬ್ಬದ ದಿನ ಮೈಸೂರಿನವರ ಫೋನೂ ಸತ್ತಿತ್ತು. ಸ್ಕೂಟರಿನಲ್ಲಿ ಧಾವಿಸಿ ಬಂದ ಯಶೋಧಳಿಗೆ ಗೇಟಿನಲ್ಲೇ ಎದುರಾದವನು ಗಾಡಿಯ ಕೆಂಪಣ್ಣ: "ಅಕ್ಕೋ, ಮದ್ಯಾನ ಕರೆದ ಹಾಲು ಕಣಕ್ಕ. ಇನ್ನರ್ದ ಗಂಟೆ ಇಂಗೇ ನಿಂತ್ರೆ ಕೆಟ್ಟೋಯ್ತದೆ."

ಅವಳು ಕೋಟಿನ ತೋಳು ಮಡಚುತ್ತ ನೇರ ಮ್ಯಾನೇಜರರ ಕೋಣೆಗೆ ನುಗ್ಗಿ, ಅವರದೇ ಕುರ್ಚಿ ಹತ್ತಿ, ಗೋಡೆಯ ಕಟ್ಟನ್ನು ಇಳಿಸಿದಳು.

"ಬ್ಯಾಡ ಕಣಮ್ಮ, ಪೂಜೆ ಆಗದೆ. ಇವತ್ತಿನ್ ದಿವ್ಸ ಗಾಜು ಒಡೀಬಾರ್ದು, ನಾಳೆ ಬಿಚ್ಚುಸ್ತೀನಿ."

"ನಾಳೆ ಈ ಹಾಲ್ನ ನೀವು ಕುಡೀತೀರಾ ಸಾರ್? ಯೋಳಿದ್ನೋ ಇಲ್ವೋ?"

ಮೇಜಿನ ಅಂಚಿಗೆ ಒಂದೇ ಏಟು. ಗಾಜಿನ ಚೂರು, ಸೇವಂತಿಗೆ, ಕುಂಕುಮ ಒಟ್ಟಿಗೆ ನೆಲಕ್ಕೆ ಬಿದ್ದವು. ಹೆಬ್ಬೆರಳಿನಿಂದ ರಕ್ತ ಜಿನುಗುತ್ತಿರುವಾಗಲೇ ಕಾಗದದ ಮಡಿಕೆ ಬಿಡಿಸಿ, ತನ್ನ ಮೇಜಿಗೆ ಓಡಿ, ಆ ಇಪ್ಪತ್ತೈದು ಅಕ್ಷರಗಳನ್ನು ಕಪ್ಪು ಪರದೆಗೆ ಕುಟ್ಟಿದಳು. ಯಂತ್ರ ಒಪ್ಪಿತು. ಒಂದೊಂದಕ್ಕೂ ಒಂದೊಂದು ಆಜ್ಞೆ ಬರೆದು ಆರನ್ನೂ ಎಬ್ಬಿಸಿದಳು. ಒಂಬತ್ತು ಗಾಡಿಯ ಹಾಲು ಉಳಿಯಿತು. ಮೊದಲು ಬಂದು ನಿಂತಿದ್ದ ಎರಡು ಗಾಡಿಯದು ಉಳಿಯಲಿಲ್ಲ. ಹುಳಿ ವಾಸನೆಯ ಹಾಲು ಚರಂಡಿಯಲ್ಲಿ ಬೆಳ್ಳಗೆ ಹರಿದುಹೋಗುವುದನ್ನು ನೋಡುತ್ತ ಅವಳು ಹೆಬ್ಬೆರಳಿನ ರಕ್ತವನ್ನು ಕೋಟಿನ ಅಂಚಿಗೆ ಒರೆಸಿಕೊಂಡಳು.

ಈಗ ಆ ಕಟ್ಟಿಗೆ ಹೊಸ ಗಾಜು ಬಂದಿದೆ. ಬಂದವರಿಗೆಲ್ಲ ಮಹದೇವಸ್ವಾಮಿಯವರು ಹೇಳುವುದು ಹಬ್ಬದ ದಿನ ಒಡೆದ ಗಾಜಿನ ಕಥೆಯನ್ನು. ಹರಿದುಹೋದ ಹಾಲಿನ ಸುದ್ದಿ ಅವರ ಬಾಯಲ್ಲಿಲ್ಲ. "ಕೆಲ್ಸಗಾತಿ ನಿಜ. ಆದ್ರೆ ಭಾರಿ ಸಿಡುಕಿ" ಎನ್ನುತ್ತಾರೆ. ಕೇಳಿದರೆ ನನಗೇ ಮೈ ಉರಿಯುತ್ತದೆ. ಎಲ್ಲ ಕಚೇರಿಯಲ್ಲೂ ಯಶೋಧಳಂಥವರೊಬ್ಬರು ಇರುತ್ತಾರೆ. ಹಾಳಾಗುವುದನ್ನು ಮೊದಲು ಕಂಡು, ಮೊದಲು ಹೇಳಿ, ಕೊನೆಗೆ ಬೈಸಿಕೊಳ್ಳುವವರು. ಮೂರು ಸಲ ಅವರು ಮೆತ್ತಗೆ ಹೇಳಿದ್ದು ಯಾರ ಕಿವಿಗೂ ಬೀಳುವುದಿಲ್ಲ. ನಾಲ್ಕನೆಯ ಸಲ ಅವರು ಕೂಗಿದ್ದನ್ನು ಯಾರೂ ಮರೆಯುವುದಿಲ್ಲ.